ನೆಕ್ಕಿ ನೋಡುವ ಓತಿ

ಬಿಯರ್ಡೆಡ್ ಡ್ರ್ಯಾಗನ್ ಸಾಕಿದವರೆಲ್ಲ ಮೊದಲ ವಾರದಲ್ಲೇ ಕಾಣುವ ನೋಟ ಇದು. ಗಾಜಿನ ಗೂಡಿನಿಂದ ಹೊರಗೆ ಬಿಟ್ಟರೆ ನಾಲ್ಕು ಹೆಜ್ಜೆ ಇಡುತ್ತದೆ, ನಿಲ್ಲುತ್ತದೆ, ತಲೆ ತಗ್ಗಿಸಿ ನೆಲ ನೆಕ್ಕುತ್ತದೆ. ಮತ್ತೆ ನಾಲ್ಕು ಹೆಜ್ಜೆ, ಮತ್ತೊಮ್ಮೆ ನಾಲಿಗೆ. ಮಂಚದ ಕಾಲು, ಜಮಖಾನದ ಅಂಚು, ಬಾಗಿಲ ಬಳಿಯ ಚಪ್ಪಲಿ, ಎತ್ತಿಕೊಂಡವರ ಮೊಣಕೈ, ಯಾವುದನ್ನೂ ಬಿಡುವುದಿಲ್ಲ. ನೋಡುತ್ತ ಕೂತವರಿಗೆ ಪ್ರಶ್ನೆ ಹುಟ್ಟುವುದು ಸಹಜ. ಇದು ಪ್ರೀತಿಯೇ, ಹಸಿವೇ, ಬಾಯಾರಿಕೆಯೇ, ಮೈಗೆ ಸುಣ್ಣದ ಅಂಶ ಕಡಿಮೆಯಾಗಿದೆಯೇ, ಅಥವಾ ಏನಾದರೂ ಕಾಯಿಲೆಯೇ?

ಈ ಐದು ಉತ್ತರಗಳಿಗೂ ವಕಾಲತ್ತು ವಹಿಸುವವರಿದ್ದಾರೆ. ಓದಿ, ನೋಡಿ ನಾನು ತಿಳಿದುಕೊಂಡ ಮಟ್ಟಿಗೆ, ಮೊದಲನೆಯದನ್ನು ಬಿಟ್ಟು ಉಳಿದ ನಾಲ್ಕೂ ಒಂದೊಂದು ಸಂದರ್ಭದಲ್ಲಿ ನಿಜ. ಆದರೆ ಅವೆಲ್ಲಕ್ಕಿಂತ ಹೆಚ್ಚು ಸಲ ನಿಜವಾಗುವ ಆರನೆಯ ಉತ್ತರ ಒಂದಿದೆ. ಆ ಪ್ರಾಣಿ ತಾನಿರುವ ಜಾಗವನ್ನು, ತನ್ನ ಮುಂದಿರುವ ವಸ್ತುವನ್ನು ವಿಚಾರಿಸಿಕೊಳ್ಳುತ್ತಿದೆ. ಆ ವಿಚಾರಣೆಯ ಬಗೆ ತಿಳಿದರೆ ಮಿಕ್ಕ ನಾಲ್ಕು ಕಾರಣಗಳನ್ನೂ ಬೇರ್ಪಡಿಸಿ ಗುರುತಿಸುವುದು ಸುಲಭವಾಗುತ್ತದೆ.

ಮೊದಲು ಪ್ರಾಣಿಯ ಪರಿಚಯ. ಸಾಕುಪ್ರಾಣಿಯಾಗಿ ಲೋಕವೆಲ್ಲ ಹರಡಿರುವ ಈ ಓತಿಯ ವೈಜ್ಞಾನಿಕ ಹೆಸರು ಪೊಗೊನಾ ವಿಟಿಸೆಪ್ಸ್. ಜರ್ಮನಿಯ ಅರ್ನ್ಸ್ಟ್ ಆಲ್ 1926ರಲ್ಲಿ ಇದನ್ನು ಮೊದಲು ವಿವರಿಸಿದ. ಆಸ್ಟ್ರೇಲಿಯಾದ ಒಳನಾಡಿನ ಕೆಂಪು ಮರಳು, ಅಕೇಶಿಯಾ ಕುರುಚಲು, ಒಣಗಿದ ಹುಲ್ಲುಗಾವಲು ಇದರ ತವರು. ಬೇಲಿಯ ಕಂಬ, ಒಣ ಮರದ ಬೊಡ್ಡೆಗಳ ಮೇಲೆ ಬಿಸಿಲು ಕಾಯುತ್ತ ಕೂರುತ್ತದೆ. ಕೆರಳಿದಾಗ ಗಂಟಲಡಿಯ ಮುಳ್ಳುಮುಳ್ಳಾದ ಚರ್ಮ ಉಬ್ಬಿ ಕಪ್ಪಾಗುತ್ತದೆ, ಅದೇ ಗಡ್ಡ. ಆಸ್ಟ್ರೇಲಿಯಾ 1960ರ ದಶಕದಲ್ಲೇ ತನ್ನ ವನ್ಯಜೀವಿಗಳ ವಾಣಿಜ್ಯ ರಫ್ತನ್ನು ನಿಲ್ಲಿಸಿತು. ಹಾಗಾಗಿ ಇಂದು ಅಮೆರಿಕ, ಯುರೋಪುಗಳ ಮನೆಗಳಲ್ಲಿರುವ ಲಕ್ಷಾಂತರ ಗಡ್ಡದ ಓತಿಗಳು ಕಳ್ಳಸಾಗಣೆಯಲ್ಲಿ ಹೊರಬಿದ್ದ ಕೆಲವು ಪ್ರಾಣಿಗಳ ಸಂತತಿ. ಬಿಸಿಲ ನಾಡಿನ ದೇಹ, ಬಿಸಿಲ ನಾಡಿನ ನಾಲಿಗೆ ಈಗ ಹಿಮ ಬೀಳುವ ಊರುಗಳ ಬೆಚ್ಚನೆಯ ಕೋಣೆಯಲ್ಲಿ ಬದುಕುತ್ತಿವೆ.

ಕನ್ನಡ ನಾಡಿಗೂ ಇದಕ್ಕೂ ನೆಂಟಸ್ತಿಕೆ ಇದೆ. ಗಡ್ಡದ ಓತಿ ಅಗಾಮಿಡೇ ಕುಟುಂಬಕ್ಕೆ ಸೇರಿದ್ದು. ನಮ್ಮ ಬೇಲಿಯ ಮೇಲೆ ತಲೆ ಕುಣಿಸುವ ಓತಿಕ್ಯಾತ, ಹಂಪಿ, ರಾಮನಗರದ ಬಂಡೆಗಳ ಮೇಲಿನ ಬಂಡೆ ಓತಿ, ತೇಜಸ್ವಿಯವರ ‘ಕರ್ವಾಲೋ’ ಕಾದಂಬರಿಯ ಪಾತ್ರಗಳು ಹುಡುಕಿ ಹೊರಡುವ ಹಾರುವ ಓತಿ ಎಲ್ಲವೂ ಅದೇ ಕುಟುಂಬದವು. ಮಳೆ ನಿಂತ ಮೇಲೆ ದಾಸವಾಳದ ಎಲೆಯಂಚಿನ ಹನಿಯನ್ನು ಓತಿಕ್ಯಾತ ನೆಕ್ಕುವುದನ್ನು ನೋಡಿದ್ದವರಿಗೆ ಈ ನಾಲಿಗೆಯ ರೂಪ ಗೊತ್ತೇ ಇದೆ.

ಹಾವಿನ ನಾಲಿಗೆ ತೆಳ್ಳಗೆ, ಉದ್ದಕ್ಕೆ, ಸೀಳಾಗಿ ಇರುತ್ತದೆ. ಉಡದ್ದೂ ಹಾಗೆಯೇ. ಗಡ್ಡದ ಓತಿಯದು ದಪ್ಪ, ಅಗಲ, ಮಾಂಸಲ. ತುದಿ ಮೊಂಡು, ನಡುವೆ ಒಂದು ಸಣ್ಣ ಕಚ್ಚು ಇದ್ದೂ ಇಲ್ಲದಂತೆ. ಹತ್ತಿರ ಕೂತು ನೋಡಿದರೆ ನೆಕ್ಕುವ ಕ್ರಿಯೆ ಮೂರು ಘಟ್ಟದಲ್ಲಿ ನಡೆಯುತ್ತದೆ. ಬಾಯಿ ಒಂದು ಗೆರೆಯಷ್ಟು ತೆರೆಯುತ್ತದೆ. ನಾಲಿಗೆಯ ತುದಿ ಕೆಳದವಡೆಯ ಮೇಲಿನಿಂದ ಹೊರಳಿ, ತನ್ನ ಮೇಲ್ಮೈಯನ್ನೇ ಕೆಳಗೆ ಮಾಡಿ ವಸ್ತುವಿಗೆ ಒತ್ತುತ್ತದೆ. ಮರುಕ್ಷಣ ಒಳಗೆ ಸೇರಿ ಬಾಯಿ ಮುಚ್ಚುತ್ತದೆ. ಇಷ್ಟಾದ ಮೇಲೆ ಓತಿ ತುಸು ಹೊತ್ತು ಅಲ್ಲಾಡುವುದಿಲ್ಲ. ಗಂಟಲು ಸಣ್ಣಗೆ ಮಿಡಿಯುತ್ತದೆ, ಕಣ್ಣು ಒಂದು ಸಲ ಮುಚ್ಚಿ ತೆರೆಯುತ್ತದೆ, ಆಮೇಲೆ ಮುಂದಿನ ಹೆಜ್ಜೆ. ಅವಸರದಲ್ಲಿ ನೋಡುವವರು ನಾಲಿಗೆಯನ್ನು ಮಾತ್ರ ಕಾಣುತ್ತಾರೆ. ನಿಜವಾದ ಕೆಲಸ ನಡೆಯುವುದು ಬಾಯಿ ಮುಚ್ಚಿದ ಆ ಗಳಿಗೆಯಲ್ಲಿ.

ಅಂಗುಳಿನ ಮುಂಭಾಗದಲ್ಲಿ ಎರಡು ಪುಟ್ಟ ರಂಧ್ರಗಳಿವೆ. ಅವುಗಳ ಮೇಲೆ, ಮೂಗಿನ ಕುಹರದ ಬುಡದಲ್ಲಿ ಒಂದು ಜೊತೆ ಚೀಲಗಳು. ಡೆನ್ಮಾರ್ಕಿನ ಶಸ್ತ್ರವೈದ್ಯ ಲುಡ್ವಿಗ್ ಜಾಕಬ್ಸನ್ 1813ರಲ್ಲಿ ಸಸ್ತನಿಗಳಲ್ಲಿ ಇದನ್ನು ವಿವರವಾಗಿ ಬಣ್ಣಿಸಿದ್ದರಿಂದ ಅದಕ್ಕೆ ಜಾಕಬ್ಸನ್ ಅಂಗ ಎಂಬ ಹೆಸರು ಬಂತು. ಮೂಗು ಗಾಳಿಯಲ್ಲಿ ತೇಲಿಬರುವ ಹಗುರ ಕಣಗಳನ್ನು ಹಿಡಿಯುತ್ತದೆ. ನೆಲಕ್ಕೆ, ತೊಗಲಿಗೆ, ಎಲೆಗೆ ಅಂಟಿಕೊಂಡೇ ಇರುವ, ಹಾರಲಾರದ ಭಾರದ ಕಣಗಳನ್ನು ಯಾರಾದರೂ ಹೊತ್ತು ತರಬೇಕು. ಹೊತ್ತು ತರುವ ಆಳು ನಾಲಿಗೆ. ಅದು ತಂದದ್ದು ಬಾಯೊಳಗೆ ಆ ರಂಧ್ರಗಳ ಬಳಿ ತಲುಪಿ ಜಾಕಬ್ಸನ್ ಅಂಗಕ್ಕೆ ಮುಟ್ಟುತ್ತದೆ. ಅಲ್ಲಿಂದ ನರಗಳು ಮಿದುಳಿಗೆ ಸುದ್ದಿ ಒಯ್ಯುತ್ತವೆ. ಜೊತೆಗೆ ನಾಲಿಗೆಯ ಮೇಲೆ ರುಚಿಮೊಗ್ಗುಗಳೂ ಇವೆ. ನಾವು ನೆಕ್ಕುವುದೆಂದು ಕರೆಯುವ ಒಂದೇ ಚಲನೆಯಲ್ಲಿ ಮುಟ್ಟುವುದು, ರುಚಿ ನೋಡುವುದು, ಮೂಸುವುದು ಮೂರೂ ಸೇರಿವೆ.

ಇಷ್ಟು ಹೇಳಿದರೆ ವಿಷಯ ಮುಗಿದಂತೆ ಕಾಣಬಹುದು. ಆದರೆ ಓತಿಗಳ ನಾಲಿಗೆಯ ಬಗ್ಗೆ ವಿಜ್ಞಾನಿಗಳಲ್ಲಿ ಬಹುಕಾಲ ಬೇರೆಯದೇ ಅಭಿಪ್ರಾಯವಿತ್ತು, ಅದಕ್ಕೆ ಗಟ್ಟಿ ಕಾರಣವೂ ಇತ್ತು. ಹಲ್ಲಿ ಜಾತಿಯ ಪ್ರಾಣಿಗಳನ್ನು ಸ್ಥೂಲವಾಗಿ ಎರಡು ಪಾಳೆಯ ಮಾಡಲಾಗಿತ್ತು. ಉಡ, ಹಾವುರಾಣಿ ಮೊದಲಾದವು ಅಲೆದಾಡಿ ಬೇಟೆ ಹುಡುಕುತ್ತವೆ, ದವಡೆಯಿಂದ ಕಚ್ಚಿ ಹಿಡಿಯುತ್ತವೆ. ಅವುಗಳ ನಾಲಿಗೆ ವಾಸನೆ ಹಿಡಿಯುವ ಕೆಲಸಕ್ಕೆ ಮೀಸಲು. ಇಗ್ವಾನಾ, ಊಸರವಳ್ಳಿ, ಓತಿಗಳ ಪಾಳೆಯದವು ಒಂದೆಡೆ ಕೂತು ಕಾಯುತ್ತವೆ, ಕಣ್ಣಿಂದ ಗುರಿಯಿಡುತ್ತವೆ, ಅಂಟಂಟಾದ ನಾಲಿಗೆಯಿಂದಲೇ ಹುಳವನ್ನು ಬಾಯಿಗೆ ಎಳೆದುಕೊಳ್ಳುತ್ತವೆ. ಊಸರವಳ್ಳಿ ಈ ಕಲೆಯ ತುತ್ತತುದಿ. ಅದರ ಜಾಕಬ್ಸನ್ ಅಂಗ ಬಹುಮಟ್ಟಿಗೆ ಕುಗ್ಗಿಹೋಗಿದೆ. ನಾಲಿಗೆಯನ್ನೇ ಕೈ ಮಾಡಿಕೊಂಡ ಪ್ರಾಣಿಗೆ ಅದೇ ನಾಲಿಗೆ ಮೂಗೂ ಆಗಲಾರದು ಎಂಬುದು ಆಗಿನ ತರ್ಕ.

ಅಮೆರಿಕದ ಇಂಡಿಯಾನಾದ ಫೋರ್ಟ್ ವೇನ್‌ನಲ್ಲಿದ್ದ ವಿಲಿಯಂ ಕೂಪರ್ ಈ ತರ್ಕವನ್ನು ಜಾತಿಯಿಂದ ಜಾತಿಗೆ ಪರೀಕ್ಷೆಗೆ ಒಡ್ಡಿದರು. ಅವರ ವಿಧಾನ ಸರಳ. ಹತ್ತಿ ಸುತ್ತಿದ ಕಡ್ಡಿಯ ತುದಿಗೆ ಬೇಟೆಯ ವಾಸನೆ ಹಚ್ಚಿ ಪ್ರಾಣಿಯ ಮೂತಿಯ ಮುಂದೆ ಹಿಡಿಯುವುದು. ಇನ್ನೊಂದು ಕಡ್ಡಿಗೆ ಬರೀ ನೀರು, ಮತ್ತೊಂದಕ್ಕೆ ಗಾಢ ವಾಸನೆಯಿದ್ದೂ ಆಹಾರವಲ್ಲದ ಸುಗಂಧದ್ರವ್ಯ. 60 ಸೆಕೆಂಡಿನಲ್ಲಿ ನಾಲಿಗೆ ಎಷ್ಟು ಸಲ ಚಾಚಿತು, ಕಡ್ಡಿಯನ್ನು ಕಚ್ಚಿತೇ ಎಂಬುದನ್ನು ಲೆಕ್ಕ ಇಡುವುದು. ಕೂತು ಕಾಯುವ ಜಾತಿಗಳಿಗೆ ಬೇಟೆಯ ವಾಸನೆಗೂ ನೀರಿಗೂ ವ್ಯತ್ಯಾಸವೇ ಕಾಣಲಿಲ್ಲ. ತರ್ಕ ಗೆದ್ದಂತಾಯಿತು. ಆದರೆ ಅದೇ ಪಾಳೆಯಕ್ಕೆ ಸೇರಿದ, ಅಮೆರಿಕದ ಮರುಭೂಮಿಯಲ್ಲಿ ಎಲೆ, ಹೂ ತಿಂದು ಬದುಕುವ ಮರಳುಗಾಡಿನ ಇಗ್ವಾನಾ ಸಸ್ಯದ ವಾಸನೆಯನ್ನು ನಾಲಿಗೆಯಿಂದ ಸ್ಪಷ್ಟವಾಗಿ ಗುರುತಿಸಿತು. ಕಾರಣ ಯೋಚಿಸಿದರೆ ಹೊಳೆಯುತ್ತದೆ. ಹುಳ ಓಡಾಡುತ್ತದೆ, ಕಣ್ಣಿಗೆ ಬೀಳುತ್ತದೆ. ಎಲೆ ಓಡಾಡುವುದಿಲ್ಲ. ಯಾವ ಎಲೆ ಎಳೆಯದು, ಯಾವುದು ಕಹಿ, ಯಾವುದು ವಿಷ ಎಂದು ಕಣ್ಣು ಹೇಳಲಾರದು. ಅಲ್ಲಿ ನಾಲಿಗೆ ಬೇಕು.

ಹಾಗಾದರೆ ಎರಡನ್ನೂ ತಿನ್ನುವ ಪ್ರಾಣಿಯ ಗತಿ ಏನು? ಮರಿಯಾಗಿದ್ದಾಗ ಬಹುಪಾಲು ಹುಳಹುಪ್ಪಟೆ ತಿನ್ನುವ ಗಡ್ಡದ ಓತಿ ದೊಡ್ಡದಾದಂತೆ ಎಲೆ ಹೂಗಳತ್ತ ವಾಲುತ್ತದೆ. ಕಾಡಿನ ಓತಿಗಳ ಹೊಟ್ಟೆಯಲ್ಲಿದ್ದುದನ್ನು ಪರಿಶೀಲಿಸಿ 2015ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಕೀಟಗಳ ಪೈಕಿ ಗೆದ್ದಲಿನದೇ ಸಿಂಹಪಾಲು, ಜೊತೆಗೆ ಸಸ್ಯಭಾಗವೂ ಇತ್ತು. ಈ ಮಿಶ್ರಾಹಾರಿಯ ಮೇಲೆ ಕೂಪರ್ ಮಾಡಿದ ಪ್ರಯೋಗ 2000ದಲ್ಲಿ ಕೆನಡಾದ ಪ್ರಾಣಿಶಾಸ್ತ್ರ ಪತ್ರಿಕೆಯಲ್ಲಿ ಬಂತು. ಗಡ್ಡದ ಓತಿ ಕೀಟದ ವಾಸನೆ, ಸಸ್ಯದ ವಾಸನೆ ಎರಡನ್ನೂ ನಾಲಿಗೆಯಿಂದ ಗುರುತು ಹಿಡಿಯಿತು. ಕೈಯಂತೆ ದುಡಿಯುವ ನಾಲಿಗೆ ಮೂಗಿನಂತೆಯೂ ದುಡಿಯಬಲ್ಲದು ಎಂಬುದು ಇದರಿಂದ ಖಚಿತವಾಯಿತು. ಈ ಪ್ರಾಣಿಯ ನೆಕ್ಕಾಟದ ಬಗ್ಗೆ ನಡೆದ ಕೆಲಸಗಳಲ್ಲಿ ಇದಕ್ಕಿಂತ ಮುಖ್ಯವಾದದ್ದು ಇನ್ನೊಂದಿಲ್ಲ ಎಂದೇ ನನ್ನ ಎಣಿಕೆ.

ಇದರ ಫಲ ದಿನದ ಊಟದ ತಟ್ಟೆಯಲ್ಲೇ ಕಾಣುತ್ತದೆ. ಜಿರಳೆಯನ್ನೋ ಮಿಡತೆಯನ್ನೋ ಬಿಟ್ಟರೆ ಓತಿ ನೆಕ್ಕಿ ನೋಡುತ್ತ ನಿಲ್ಲುವುದಿಲ್ಲ, ಓಡಿಹೋಗಿ ಹಿಡಿಯುತ್ತದೆ. ಅಲ್ಲಿ ಅಪ್ಪಣೆ ಕಣ್ಣಿನದು. ಸೊಪ್ಪು ಇಟ್ಟರೆ ಬಗ್ಗಿ ಒಂದು ಸಲ ನಾಲಿಗೆ ಮುಟ್ಟಿಸುತ್ತದೆ, ತಡೆಯುತ್ತದೆ, ಆಮೇಲೆ ತಿನ್ನುತ್ತದೆ ಇಲ್ಲವೇ ಮುಖ ತಿರುಗಿಸುತ್ತದೆ. ಮುಖ ತಿರುಗಿಸಿದರೆ ಹಸಿವಿಲ್ಲ ಎಂದು ಸೊಪ್ಪು ಎತ್ತಿಬಿಡುವವರೇ ಹೆಚ್ಚು. ಅದು ಹಸಿವಿಲ್ಲದ ಗುರುತಾಗಿರಬೇಕಿಲ್ಲ, ಹೊಸ ವಾಸನೆಗೆ ಕೊಟ್ಟ ಮೊದಲ ಉತ್ತರ ಆಗಿರಬಹುದು. ಅದೇ ಸೊಪ್ಪನ್ನು ಸಣ್ಣಗೆ ಹೆಚ್ಚಿ, ಪರಿಚಿತ ಸೊಪ್ಪಿನ ಜೊತೆ ಬೆರೆಸಿ ಕೆಲವು ದಿನ ಇಡುತ್ತ ಹೋದರೆ ಒಪ್ಪಿಕೊಳ್ಳುವುದುಂಟು.

ನಾಲಿಗೆಯ ಅರಿವಿಗೆ ಮಿತಿಯೂ ಇದೆ. ಅದನ್ನು ತೋರಿಸಿಕೊಟ್ಟದ್ದು ಒಂದು ದುರಂತ ಸರಣಿ. 1990ರ ದಶಕದಲ್ಲಿ ಅಮೆರಿಕದಲ್ಲಿ ಸಾಕಿದ ಗಡ್ಡದ ಓತಿಗಳು ಮಿಂಚುಹುಳ ತಿಂದು ಗಂಟೆ ಎರಡು ಗಂಟೆಯೊಳಗೆ ಬಾಯಿ ಬಿಡುತ್ತ, ತಲೆ ಕೊಡವುತ್ತ, ಮೈ ಕಪ್ಪಾಗಿ ಸತ್ತ ಪ್ರಕರಣಗಳು ಪಶುವೈದ್ಯರ ಮುಂದೆ ಬಂದವು. ಅಲ್ಲಿನ ಫೋಟಿನಸ್ ಜಾತಿಯ ಮಿಂಚುಹುಳದ ಮೈಯಲ್ಲಿ ಕಪ್ಪೆವಿಷಕ್ಕೆ ಹತ್ತಿರದ, ಹೃದಯವನ್ನು ಕೆಡಿಸುವ ವಸ್ತು ಇದೆ. ಕಾರ್ನೆಲ್ ವಿಶ್ವವಿದ್ಯಾಲಯದ ತಂಡ 1999ರಲ್ಲಿ ಇದನ್ನು ವಿವರಿಸಿತು. ಆ ಹುಳದ ಜೊತೆಗೇ ಬಾಳಿದ ಅಮೆರಿಕದ ಹಲ್ಲಿಗಳು ಅದರ ತಂಟೆಗೆ ಹೋಗುವುದಿಲ್ಲ. ಆಸ್ಟ್ರೇಲಿಯಾದಿಂದ ಬಂದದ್ದಕ್ಕೆ ಮಿನುಗುತ್ತ ಚಲಿಸುವ ಯಾವುದೇ ಹುಳವೂ ಊಟವೇ. ಅದು ನೆಕ್ಕಿ ಪರೀಕ್ಷಿಸಿ ತಿನ್ನುತ್ತದಲ್ಲ, ತನಗೆ ಆಗದ್ದನ್ನು ತಾನೇ ಬಿಡುತ್ತದೆ ಎಂಬ ನಂಬಿಕೆಯ ಮೇಲೆ ಹಿತ್ತಲಿನ ಹುಳಗಳನ್ನು ಹಿಡಿದು ಹಾಕುವುದು ಖಂಡಿತ ಸಲ್ಲದು.

ಇನ್ನು ಪ್ರೀತಿಯ ಪ್ರಶ್ನೆ. ಪರಿಚಯದ ಮನೆಯೊಂದರಲ್ಲಿ ಗಡ್ಡದ ಓತಿ ಮನೆಯಾಕೆಯ ಅಂಗೈಯನ್ನು ಬಿಟ್ಟೂ ಬಿಡದೆ ನೆಕ್ಕುತ್ತಿತ್ತು. “ನೋಡಿ, ನಾನಂದ್ರೆ ಇದಕ್ಕೆ ಎಷ್ಟು ಪ್ರಾಣ” ಎಂದು ಆಕೆ ಹಿಗ್ಗಿದರು. ಆಕೆ ಅಡುಗೆಮನೆಯಲ್ಲಿ ಕೊತ್ತಂಬರಿ ಸೊಪ್ಪು ಸೋಸಿ ಹಾಗೇ ಎದ್ದು ಬಂದಿದ್ದರು. ಸೋಪು ಹಚ್ಚಿ ಕೈ ತೊಳೆದು ಬಂದ ಮೇಲೆ ಅದೇ ಅಂಗೈಯನ್ನು ಓತಿ ಒಮ್ಮೆ ನೆಕ್ಕಿತು, ಮತ್ತೆ ಅದರ ಗೋಜಿಗೆ ಹೋಗಲಿಲ್ಲ. ಆಕೆಯ ಮುಖ ಸಪ್ಪಗಾದದ್ದನ್ನು ನೋಡಿ ನನಗೂ ನೋವಾಯಿತು. ಆದರೂ ಈ ಮಾತನ್ನು ಹೇಳಲೇಬೇಕು: ನಾಯಿ ನೆಕ್ಕುವುದಕ್ಕೂ ಓತಿ ನೆಕ್ಕುವುದಕ್ಕೂ ಬೇರು ಬೇರೆ. ನಾಯಿಮರಿ ತಾಯಿಯ ಬಾಯಿ ನೆಕ್ಕಿ ಊಟ ಕೇಳುತ್ತದೆ, ತಾಯಿ ಮರಿಯನ್ನು ನೆಕ್ಕಿ ಶುಚಿ ಮಾಡುತ್ತದೆ. ಅಲ್ಲಿ ನಾಲಿಗೆ ಸಂಬಂಧದ ಒಂದು ಭಾಗ. ಗಡ್ಡದ ಓತಿ ಮಣ್ಣಿನಲ್ಲಿ ಗುಳಿ ತೋಡಿ ಮೊಟ್ಟೆಯಿಟ್ಟು, ಮುಚ್ಚಿ, ಹೊರಟುಹೋಗುತ್ತದೆ. ಮರಿ ಮೊಟ್ಟೆಯೊಡೆದು ಬಂದ ದಿನದಿಂದ ಒಂಟಿ. ನೆಕ್ಕಿ ಮುದ್ದಿಸುವ ತಾಯಿ ಅದರ ವಂಶದಲ್ಲೇ ಇಲ್ಲ.

ಇದರ ಇನ್ನೊಂದು ಮುಖ ನನಗೆ ಹೆಚ್ಚು ಸ್ವಾರಸ್ಯವಾಗಿ ಕಂಡಿದೆ. ಹಲ್ಲಿ ಜಾತಿಯ ಅನೇಕ ಪ್ರಾಣಿಗಳಲ್ಲಿ, ಹೊಸ ಜಾಗಕ್ಕೆ ಬಿಟ್ಟಾಗ ನಾಲಿಗೆ ಮುಟ್ಟಿಸುವುದು ಏರುತ್ತದೆ, ಜಾಗ ರೂಢಿಯಾದಂತೆ ಇಳಿಯುತ್ತದೆ. ಗೂಡಿನೊಳಗೆ ದಿನವಿಡೀ ಸುಮ್ಮನಿರುವ ಗಡ್ಡದ ಓತಿ ಹಜಾರಕ್ಕೆ ಬಂದೊಡನೆ ನೆಕ್ಕಲು ಶುರುಮಾಡುವುದು ಇದಕ್ಕೇ. ಗೂಡು ತೊಳೆದು ಹೊಸ ಬೊಡ್ಡೆ ಇಟ್ಟ ದಿನ, ಮನೆ ಬದಲಾಯಿಸಿದ ವಾರ, ನೀವು ಬೇರೆ ಸೋಪೋ ಕ್ರೀಮೋ ಹಚ್ಚಿಕೊಂಡ ದಿನ ಅದು ಹೆಚ್ಚು ನೆಕ್ಕುತ್ತದೆ. ಅಂದಮೇಲೆ ನಿಮ್ಮನ್ನು ಎಡೆಬಿಡದೆ ನೆಕ್ಕುವ ಓತಿಗೆ ನೀವಿನ್ನೂ ಹೊಸಬರು. ಒಂದೆರಡು ಸಲ ನಾಲಿಗೆ ಮುಟ್ಟಿಸಿ ತೋಳಿನ ಮೇಲೆ ನಿರಾಳವಾಗಿ ಒರಗುವ ಓತಿ ನಿಮ್ಮನ್ನು ತನ್ನ ಪರಿಚಿತ ಲೋಕಕ್ಕೆ ಸೇರಿಸಿಕೊಂಡಿದೆ. ನೆಕ್ಕುವುದು ಕಡಿಮೆಯಾಯಿತೆಂದು ಕೊರಗುವವರು ಈ ಕೋನದಿಂದ ಒಮ್ಮೆ ನೋಡಬೇಕು. ಪಳಗಿದ್ದಕ್ಕೆ ಬೇರೆ ಗುರುತುಗಳಿವೆ: ಗಡ್ಡ ಕಪ್ಪಾಗದಿರುವುದು, ಮೈ ಬಿಗಿಯದಿರುವುದು, ಕೈ ಕಂಡರೆ ಓಡದಿರುವುದು. ಕಣ್ಣು ಮುಚ್ಚುವುದನ್ನು ಮಾತ್ರ ಈ ಪಟ್ಟಿಗೆ ನಾನು ಸೇರಿಸಲಾರೆ. ಸವರುವಾಗ ಕಣ್ಣು ಮುಚ್ಚಿತೆಂದರೆ ಸುಖಪಡುತ್ತಿದೆ ಎನ್ನುತ್ತಾರೆ. ಬೇಡದ ಸ್ಪರ್ಶವನ್ನು ಸಹಿಸಿಕೊಳ್ಳುವ ಓತಿಯೂ ಕಣ್ಣು ಮುಚ್ಚುತ್ತದೆ.

ಪ್ರೀತಿಯಲ್ಲ ಎಂದರೆ ಮಂದಬುದ್ಧಿಯ ಪ್ರಾಣಿ ಎಂದಲ್ಲ. ಇಂಗ್ಲೆಂಡಿನ ಲಿಂಕನ್ ವಿಶ್ವವಿದ್ಯಾಲಯದ ಅನ್ನಾ ವಿಲ್ಕಿನ್ಸನ್ ಮತ್ತು ಸಂಗಡಿಗರು, ತಂತಿಬಲೆಯ ಬಾಗಿಲನ್ನು ತಲೆಯಿಂದ ಪಕ್ಕಕ್ಕೆ ಸರಿಸುವುದನ್ನು ಒಂದು ಗಡ್ಡದ ಓತಿಗೆ ಕಲಿಸಿ ಅದರ ವಿಡಿಯೋವನ್ನು ಉಳಿದವಕ್ಕೆ ತೋರಿಸಿದರು. ನೋಡಿದವು ಹಾಗೆಯೇ ಬಾಗಿಲು ಸರಿಸಿದವು, ನೋಡದ ಗುಂಪಿನದು ಒಂದೂ ಸರಿಸಲಿಲ್ಲ. ಒಂದನ್ನು ನೋಡಿ ಇನ್ನೊಂದು ಕಲಿಯುವ ಶಕ್ತಿ ಸರೀಸೃಪಕ್ಕಿದೆ ಎಂದು ಅದರಿಂದ ತಿಳಿಯಿತು. ಇಂಥ ಪ್ರಾಣಿ ನಿಮ್ಮನ್ನು ನೆಕ್ಕುವಾಗ ನಿಮ್ಮ ಬಗ್ಗೆ ಏನನ್ನೋ ತಿಳಿದುಕೊಳ್ಳುತ್ತಿದೆ. ಆ ಕುತೂಹಲಕ್ಕೆ ಅದರದೇ ಬೆಲೆ ಇದೆ.

ಮನುಷ್ಯರನ್ನಲ್ಲದೆ ಬೇರೆ ಓತಿಗಳನ್ನೂ ಅದು ನಾಲಿಗೆಯಿಂದ ವಿಚಾರಿಸಿಕೊಳ್ಳುತ್ತದೆ. ಓತಿಗಳಂತೆ ಕೂತು ಕಾಯುವ ಪಾಳೆಯಕ್ಕೇ ಸೇರಿದ ಅಮೆರಿಕದ ಬೇಲಿ ಹಲ್ಲಿಗಳ ಮೇಲೆ ಡೇವಿಡ್ ಡುವಾಲ್ 1979ರಲ್ಲಿ ಪ್ರಕಟಿಸಿದ ಕೆಲಸ ಇಲ್ಲಿ ನೆನೆಯತಕ್ಕದ್ದು. ತಮ್ಮ ಜಾತಿಯ ಇನ್ನೊಂದು ಹಲ್ಲಿ ಇದ್ದುಹೋದ ಜಾಗವನ್ನು ಅವು ನಾಲಿಗೆಯಿಂದ ಪತ್ತೆಹಚ್ಚಿದವು. ಎದುರಿಗೆ ಯಾರೂ ಇಲ್ಲದಿದ್ದರೂ ಮುಂಗಾಲ ಮೇಲೆ ಮೈ ಏರಿಸಿ ಇಳಿಸಿ ತಮ್ಮ ಇರವನ್ನು ಸಾರಿದವು. ಗಡ್ಡದ ಓತಿಯ ತೊಡೆಯ ಒಳಭಾಗದಲ್ಲಿ ಸಾಲು ರಂಧ್ರಗಳಿವೆ, ಗಂಡಿನಲ್ಲಿ ಅವು ಎದ್ದು ಕಾಣುತ್ತವೆ. ಅವುಗಳಿಂದ ಒಸರುವ ಮೇಣದಂಥ ವಸ್ತು ನಡೆದಾಡಿದ ಕಡೆಯೆಲ್ಲ ಸವರಿಹೋಗುತ್ತದೆ. ಹಾಗಾಗಿ ಒಂದು ಓತಿಯ ಬೊಡ್ಡೆಯನ್ನೋ ಟವೆಲನ್ನೋ ಇನ್ನೊಂದರ ಗೂಡಿಗೆ ಹಾಕಿದರೆ ಅದನ್ನು ಮತ್ತೆ ಮತ್ತೆ ನೆಕ್ಕುವುದು, ಕೆಲವೊಮ್ಮೆ ಗಡ್ಡ ಕಪ್ಪಾಗಿಸಿ ತಲೆ ಕುಣಿಸುವುದು ಸಹಜ. ಎರಡನ್ನು ಒಂದೇ ಗೂಡಿನಲ್ಲಿಟ್ಟು, ಒಂದನ್ನೊಂದು ನೆಕ್ಕುವುದನ್ನು ಸ್ನೇಹವೆಂದು ತಿಳಿದವರು ಬೆರಳು, ಬಾಲದ ತುದಿ ಕಳೆದುಕೊಂಡ ಓತಿಗಳನ್ನು ಪಶುವೈದ್ಯರ ಬಳಿ ತರಬೇಕಾಗುತ್ತದೆ. ಒಂಟಿ ಬಾಳಿನ ಪ್ರಾಣಿಗೆ ಒಂಟಿ ಗೂಡೇ ಸರಿ.

ನೀರಿನ ವಿಷಯಕ್ಕೆ ಬಂದರೆ ನೆಕ್ಕುವುದೇ ಕುಡಿಯುವುದು. ತವರಿನ ಒಣನೆಲದಲ್ಲಿ ನಿಂತ ನೀರು ಅಪರೂಪ. ಮಳೆ ಹನಿದಾಗ ಈ ಓತಿ ಹಿಂಭಾಗ ಎತ್ತಿ, ತಲೆ ತಗ್ಗಿಸಿ, ಮೈ ಅಗಲಿಸಿ ನಿಲ್ಲುತ್ತದೆ. ಬೆನ್ನ ಮೇಲೆ ಬಿದ್ದ ನೀರು ಮೂತಿಯತ್ತ ಹರಿದು ಬರುತ್ತದೆ, ಅದನ್ನು ತುಟಿಯಂಚಿನಿಂದ ನೆಕ್ಕಿ ಕುಡಿಯುತ್ತದೆ. ಗೂಡಿನಲ್ಲಿ ನೀರು ಚಿಮುಕಿಸಿದಾಗ ಇದೇ ಭಂಗಿಯನ್ನು ಎಷ್ಟೋ ಮಂದಿ ಕಂಡಿರುತ್ತಾರೆ, ಕಾಯಿಲೆಯೆಂದು ಗಾಬರಿಯಾಗುವವರೂ ಇದ್ದಾರೆ. ಬಟ್ಟಲಿನಲ್ಲಿ ಅಲುಗಾಡದೆ ನಿಂತ ನೀರನ್ನು ಕೆಲವು ಓತಿಗಳು ಗಮನಿಸುವುದೇ ಇಲ್ಲ. ಗಾಜಿನ ಮೇಲಿನ ತೇವವನ್ನು, ಸ್ನಾನದ ತೊಟ್ಟಿಯ ಅಂಚನ್ನು, ಒದ್ದೆ ಕೈಯನ್ನು ಅವಸರದಿಂದ ಒಂದೇ ಸಮ ನೆಕ್ಕುತ್ತಿದ್ದರೆ ಅದು ಬಾಯಾರಿಕೆ ಎಂದು ತಿಳಿಯುವುದೇ ಕ್ಷೇಮ. ವಿಚಾರಿಸುವ ನಾಲಿಗೆ ಒಂದು ಸಲ ಮುಟ್ಟಿ ನಿಲ್ಲುತ್ತದೆ, ಕುಡಿಯುವ ನಾಲಿಗೆ ಲಯಬದ್ಧವಾಗಿ ಒಂದೇ ಜಾಗಕ್ಕೆ ಹಿಂದಿರುಗುತ್ತದೆ. ಕಣ್ಣು ಒಳಸೇರಿದ್ದರೆ, ಚರ್ಮ ಹಿಂಡಿದರೆ ಮಡಿಕೆ ಹಾಗೇ ನಿಂತರೆ ನೀರು ತೀರ ಕಡಿಮೆಯಾಗಿದೆ. ಚೆಲುವಿಗಾಗಿ ಹುರುಪೆ ಇಲ್ಲದಂತೆ ತಳಿ ಬೆಳೆಸಿದ, ರೇಷ್ಮೆಯಂಥ ಬೆನ್ನಿನ ಗಡ್ಡದ ಓತಿಗಳು ಮಾರುಕಟ್ಟೆಯಲ್ಲಿವೆ. ಅವುಗಳ ಮೈಯಿಂದ ನೀರು ಹೆಚ್ಚು ಬೇಗ ಆವಿಯಾಗುತ್ತದೆ ಎಂದು ಕೆನಡಾದ ಬ್ರಾಕ್ ವಿಶ್ವವಿದ್ಯಾಲಯದ ಸಂಶೋಧಕರು 2021ರಲ್ಲಿ ತೋರಿಸಿದರು. ನೋಟದ ಚಂದಕ್ಕಾಗಿ ಮರುಭೂಮಿಯ ಜೀವಿಯಿಂದ ಮರುಭೂಮಿಯ ತೊಗಲನ್ನೇ ಕಿತ್ತುಕೊಳ್ಳುವ ಈ ತಳಿಗಾರಿಕೆಯನ್ನು ನಾನಂತೂ ಒಪ್ಪಲಾರೆ.

ಮರಳು ನೆಕ್ಕುವುದು ಇನ್ನೊಂದು ಕತೆ. ಗೂಡಿಗೆ ಹಾಸಲು ಸುಣ್ಣಯುಕ್ತ ಮರಳನ್ನು ಮಾರುತ್ತಾರೆ, ನುಂಗಿದರೂ ಕ್ಯಾಲ್ಸಿಯಂ ತಾನೇ ಎಂಬ ಭರವಸೆಯೊಂದಿಗೆ. ಆದರೆ ಆ ರುಚಿಯೇ ಮತ್ತಷ್ಟು ನೆಕ್ಕಲು, ನುಂಗಲು ಪ್ರೇರಿಸಬಹುದು, ಕರುಳಲ್ಲಿ ಗಟ್ಟಿಕಟ್ಟಬಹುದು. ಮಲ ಹೋಗದಿರುವುದು, ಹೊಟ್ಟೆ ಉಬ್ಬುವುದು, ಹಿಂಗಾಲು ಎಳೆಯುವುದು ಅದರ ಲಕ್ಷಣ. ಮರಿಗಳಿಗಂತೂ ಕಾಗದವೋ ಟೈಲ್ಸೋ ಸಾಕು. ಮಣ್ಣು, ಗೋಡೆ, ಕಲ್ಲುಗಳನ್ನು ಹಟ ಹಿಡಿದು ನೆಕ್ಕಿ ನುಂಗುವ ಓತಿಯಲ್ಲಿ ಸುಣ್ಣದ ಕೊರತೆಯ ಸಂಶಯ ಬರಬೇಕು. ಕೊರತೆಗೆ ಊಟವೊಂದೇ ಕಾರಣವಲ್ಲ. ಯುವಿಬಿ ಎಂಬ ನೇರಳಾತೀತ ಕಿರಣ ಸೂಸುವ ದೀಪದ ಬೆಳಕು ಚರ್ಮಕ್ಕೆ ಬಿದ್ದು ಡಿ ಜೀವಸತ್ವ ಆಗದಿದ್ದರೆ ತಿಂದ ಕ್ಯಾಲ್ಸಿಯಂ ಮೈಗೆ ಹತ್ತುವುದಿಲ್ಲ. ಆ ದೀಪ ಕಣ್ಣಿಗೆ ಉರಿಯುತ್ತಿದ್ದಂತೆ ಕಂಡರೂ ಆರು ತಿಂಗಳಿಂದ ವರ್ಷದೊಳಗೆ ಅದರ ಯುವಿಬಿ ಕುಗ್ಗಿರುತ್ತದೆ. ಬಿಸಿಲು ಕಾಯುವ ಜಾಗ 38ರಿಂದ 42 ಡಿಗ್ರಿ ಸೆಲ್ಸಿಯಸ್ ಇರದಿದ್ದರೆ ಜೀರ್ಣವೂ ಕೆಡುತ್ತದೆ. ದವಡೆ ಮೆತ್ತಗಾಗುವುದು, ಕಾಲು ನಡುಗುವುದು ಕಂಡರೆ ಮೂಳೆಯ ಕಾಯಿಲೆ ಆಗಲೇ ಮುಂದುವರಿದಿದೆ.

ತನ್ನ ತುಟಿಯನ್ನೇ ಪದೇ ಪದೇ ನೆಕ್ಕಿಕೊಳ್ಳುವುದು ಹೊರಗಿನದನ್ನು ನೆಕ್ಕುವುದಕ್ಕಿಂತ ಬೇರೆ ಜಾತಿಯದು. ಗೋಡೆಯ ಹಲ್ಲಿ ನಾಲಿಗೆಯಿಂದ ಕಣ್ಣು ಒರೆಸಿಕೊಳ್ಳುತ್ತದೆ, ಅದಕ್ಕೆ ಅಲುಗುವ ರೆಪ್ಪೆಯಿಲ್ಲ. ಗಡ್ಡದ ಓತಿಗೆ ರೆಪ್ಪೆ ಇದೆ, ಆ ಕೆಲಸಕ್ಕೆ ನಾಲಿಗೆ ಬೇಕಿಲ್ಲ. ಊಟದ ನಂತರ ಬಾಯಿ ಸವರಿಕೊಳ್ಳುವುದು, ಪೊರೆ ಬಿಡುವಾಗ ತುಟಿಯ ಸುತ್ತ ಅಂಟಿದ ಸಿಪ್ಪೆಯನ್ನು ನಾಲಿಗೆಯಿಂದ ತಳ್ಳುವುದು ಸಾಮಾನ್ಯ. ಊಟವೂ ಇಲ್ಲದೆ ಪೊರೆಯೂ ಇಲ್ಲದೆ ದಿನಗಟ್ಟಲೆ ಇದು ನಡೆದರೆ ಬಾಯಿ ತೆರೆದು ನೋಡಬೇಕು. ಒಸಡು ಕೆಂಪಗೆ ಊದಿರುವುದು, ಹಲ್ಲಿನ ಬುಡದಲ್ಲಿ ಮೊಸರಿನಂಥ ಕೀವು, ಎಳೆಎಳೆಯಾದ ಜೊಲ್ಲು ಬಾಯಿ ಹುಣ್ಣಿನ ಸೋಂಕಿನ ಗುರುತುಗಳು. ಜೊಲ್ಲಿನ ಜೊತೆ ಉಸಿರಲ್ಲಿ ಗೊರಗೊರ ಸದ್ದಿದ್ದರೆ ಶ್ವಾಸಕೋಶದ ಸೋಂಕು. ಬಿಸಿಲು ಕಾಯುವಾಗ ಬಾಯಿ ಅಗಲಿಸಿ ಕೂರುವುದು ಮಾತ್ರ ಕಾಯಿಲೆಯಲ್ಲ, ಮೈಯ ಶಾಖ ಇಳಿಸಿಕೊಳ್ಳುವ ದಾರಿ. ಸರೀಸೃಪಗಳನ್ನು ಬಲ್ಲ ಪಶುವೈದ್ಯರು ಎಲ್ಲ ಊರಲ್ಲೂ ಸಿಗುವುದಿಲ್ಲ. ಸಾಕುವ ಮೊದಲೇ ಅಂಥವರು ಎಲ್ಲಿದ್ದಾರೆಂದು ವಿಚಾರಿಸಿಟ್ಟುಕೊಳ್ಳಬೇಕು.

ಓತಿಯ ನಾಲಿಗೆ ನಮಗೆ ಅಪಾಯವೇ? ವಿಷದ ಮಾತು ಆಗಾಗ ಕೇಳಿಬರುತ್ತದೆ. ಅದರ ಮೂಲ 2006ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬ್ರಯಾನ್ ಫ್ರೈ ತಂಡ ಪ್ರಕಟಿಸಿದ ಲೇಖನ. ಪೂರ್ವ ಆಸ್ಟ್ರೇಲಿಯಾದ ಗಡ್ಡದ ಓತಿಯ ಬಾಯಿಯ ಗ್ರಂಥಿಗಳಲ್ಲಿ ಹಾವಿನ ವಿಷದ ಪ್ರೋಟೀನೊಂದನ್ನು ಹೋಲುವ ಅಂಶ ಅವರಿಗೆ ಸಿಕ್ಕಿತ್ತು. ವಂಶವೃಕ್ಷ ಬಿಡಿಸುವವರಿಗೆ ಅದು ದೊಡ್ಡ ಸುದ್ದಿ, ನೆಕ್ಕಿಸಿಕೊಂಡವರಿಗೆ ಅದರಿಂದ ಯಾವ ಕೇಡೂ ಇಲ್ಲ.

ನಿಜವಾಗಿ ಹೆದರಬೇಕಾದ್ದು ಸಾಲ್ಮೊನೆಲ್ಲಾಗೆ. ಆರೋಗ್ಯವಾಗಿ ಕಾಣುವ ಸರೀಸೃಪದ ಕರುಳಲ್ಲೂ ಈ ಬ್ಯಾಕ್ಟೀರಿಯಾ ಇರುತ್ತದೆ. ಮಲದಿಂದ ಅದು ಮೈಗೆ, ಗೂಡಿಗೆ, ನೆಲ ನೆಕ್ಕುವ ನಾಲಿಗೆಗೆ ಅಂಟುತ್ತದೆ. 2012ರಿಂದ 2014ರ ನಡುವೆ ಅಮೆರಿಕದಲ್ಲಿ ಸಾಲ್ಮೊನೆಲ್ಲಾ ಕೋಥಮ್ ಎಂಬ ಅಪರೂಪದ ಬಗೆ ನೂರಕ್ಕೂ ಹೆಚ್ಚು ಜನರನ್ನು ಹಿಡಿಯಿತು. ಮೂಲ ಹುಡುಕಿದರೆ ಸಾಕಿದ ಗಡ್ಡದ ಓತಿಗಳು. ಕಾಯಿಲೆ ಬಿದ್ದವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಐದು ವರ್ಷದೊಳಗಿನ ಮಕ್ಕಳು. ಎಷ್ಟೋ ಮಕ್ಕಳು ಓತಿಯನ್ನು ನೇರವಾಗಿ ಮುಟ್ಟಿರಬೇಕೆಂದೂ ಇಲ್ಲ, ಮುಟ್ಟಿದ ದೊಡ್ಡವರ ಕೈಯಿಂದ ಬಂದರೂ ಸಾಕು. 2024ರಲ್ಲೂ ಅಲ್ಲಿ ಗಡ್ಡದ ಓತಿಗಳಿಂದ ಮುಖ್ಯವಾಗಿ ಹಸುಗೂಸುಗಳಿಗೆ ಸೋಂಕು ಹರಡಿತು. ಹಾಗಾಗಿಯೇ ಅಲ್ಲಿನ ರೋಗ ನಿಯಂತ್ರಣ ಕೇಂದ್ರ ಐದು ವರ್ಷದೊಳಗಿನ ಮಕ್ಕಳಿರುವ ಮನೆಗೆ ಸರೀಸೃಪ ಬೇಡ ಎನ್ನುತ್ತದೆ. ಮುಖಕ್ಕೆ ಹತ್ತಿರ ಹಿಡಿದು ಮುತ್ತಿಡುವುದು, ತುಟಿ ನೆಕ್ಕಲು ಬಿಡುವುದು, ಗೂಡಿನ ಸಾಮಾನನ್ನು ಅಡುಗೆಮನೆಯ ಸಿಂಕಿನಲ್ಲಿ ತೊಳೆಯುವುದು ಯಾವ ವಯಸ್ಸಿನವರಿಗೂ ಕೂಡದು. ಅಮೆರಿಕ, ಬ್ರಿಟನ್‌ಗಳಲ್ಲಿ ನೆಲೆಸಿದ ನಮ್ಮವರ ಮನೆಗಳಲ್ಲಿ ದೊಡ್ಡ ಮಗುವಿನ ಹಟಕ್ಕೆ ಓತಿ ಬರುತ್ತದೆ, ಅದೇ ಮನೆಯಲ್ಲಿ ತೊಟ್ಟಿಲ ಕೂಸೂ ಇರುತ್ತದೆ, ಊರಿಂದ ಬಂದ ಅಜ್ಜಿ ತಾತನೂ ಇರುತ್ತಾರೆ. ಆ ಮನೆಗಳವರು ಈ ಸಾಲುಗಳನ್ನು ದಯವಿಟ್ಟು ಇನ್ನೊಮ್ಮೆ ಓದಲಿ. ಓತಿಗೂ ನಮ್ಮಿಂದ ಅಪಾಯವಿದೆ: ನೋವಿನ ಮುಲಾಮು, ಸೊಳ್ಳೆ ಕ್ರೀಮು, ಸಿಗರೇಟಿನ ಕೊಳೆ ಇರುವ ಕೈಯನ್ನು ಅದು ನೆಕ್ಕಿದರೆ ಎಲ್ಲವೂ ಅದರ ಪುಟ್ಟ ಹೊಟ್ಟೆಗೇ. ಮುಟ್ಟುವ ಮೊದಲೂ ಮುಟ್ಟಿದ ಮೇಲೂ ಸೋಪು ಹಚ್ಚಿ ಕೈ ತೊಳೆಯುವುದು ಇಬ್ಬರಿಗೂ ಒಳಿತು.

ಹಾಗೆ ತೊಳೆದ ಕೈಯನ್ನು ಅದರ ಮುಂದೆ ಚಾಚುವುದಕ್ಕೂ ಒಂದು ಕ್ರಮವಿದೆ. ಗಡ್ಡದ ಓತಿಯ ನೆತ್ತಿಯ ಮೇಲೆ ಒಂದು ಹುರುಪೆಯಡಿ ಮೂರನೆಯ ಕಣ್ಣಿದೆ. ಅದಕ್ಕೆ ರೂಪ ಕಾಣದು, ಬೆಳಕು ನೆರಳು ಮಾತ್ರ ತಿಳಿಯುತ್ತದೆ. ತವರಿನಲ್ಲಿ ಮೇಲಿನಿಂದ ಬೀಳುವ ನೆರಳು ಎಂದರೆ ಹದ್ದು ಗಿಡುಗ. ಅದಕ್ಕೇ ಮೇಲಿನಿಂದ ಕೈ ಇಳಿಸಿದರೆ ಎಷ್ಟು ಪಳಗಿದ್ದೂ ಬೆಚ್ಚುತ್ತದೆ. ಪಕ್ಕದಿಂದ, ನೆಲದ ಮಟ್ಟದಲ್ಲಿ, ಅಂಗೈ ಮೇಲು ಮಾಡಿ ಕೈಯನ್ನು ಮೂತಿಯಿಂದ ಒಂದು ಗೇಣು ದೂರದಲ್ಲಿಟ್ಟು ಕಾಯಬೇಕು. ಓತಿ ತಾನಾಗಿ ಬಂದು ನಾಲಿಗೆ ಮುಟ್ಟಿಸಿ, ಬಾಯಿ ಮುಚ್ಚಿ, ನಿಲ್ಲುತ್ತದೆ. ಆ ನಿಲುಗಡೆ ಮುಗಿಯುವವರೆಗೂ ಎತ್ತಬಾರದು. ಮುಗಿದ ಮೇಲೆ ಅದು ಹಿಂದೆ ಸರಿದರೆ ಅವತ್ತಿಗೆ ಬಿಟ್ಟುಬಿಡಿ. ಮುಂಗಾಲನ್ನು ಬೆರಳ ಮೇಲೆ ಇಟ್ಟರೆ ಎದೆಯಡಿಗೂ ಹಿಂಗಾಲಿನಡಿಗೂ ಕೈ ಕೊಟ್ಟು ಎತ್ತಿಕೊಳ್ಳಿ.